ಅರಸೀಕೆರೆಯ ಬಾಲಣ್ಣ

ಬೇಲೂರು, ಹಳೇಬೀಡು ನೋಡಲೆಂದು ರೈಲಿನಲ್ಲಿ ಬರುವವರು ಅರಸೀಕೆರೆಯಲ್ಲಿ ಇಳಿದು ಬಸ್ಸು ಹಿಡಿಯುವುದುಂಟು. ಊರೊಳಗೆ ಕಾಲಿಡುವವರು ಕಡಿಮೆ. ನಕ್ಷತ್ರಾಕಾರದ ಮಂಟಪವುಳ್ಳ, 1220ರ ಈಶ್ವರ ದೇವಾಲಯವನ್ನೂ ಬಹುಮಂದಿ ನೋಡುವುದಿಲ್ಲ. ಹಾಸನ ಜಿಲ್ಲೆಯಲ್ಲಿ ಸೇವೆಯಲ್ಲಿದ್ದಾಗ ನಾನೂ ಹೀಗೆ ಹಾದುಹೋದವನೇ. ಟಿ.ಎನ್. ಬಾಲಕೃಷ್ಣ 1911ರಲ್ಲಿ ಹುಟ್ಟಿದ್ದು ಈ ಊರಿನಲ್ಲಿ ಎಂಬುದು ನನಗೆ ತಿಳಿದದ್ದು ನಿವೃತ್ತಿಯ ನಂತರ.

ಬಾಲಣ್ಣನವರಿಗೆ ಕಿವಿ ಕೇಳಿಸುತ್ತಿರಲಿಲ್ಲವೆಂದೇ ಹೇಳಬೇಕು. ಅವರು ಬೆಳೆದದ್ದು ಕಂಪನಿ ನಾಟಕಗಳಲ್ಲಿ. ಅಲ್ಲಿ ಮಾತು ಮರೆತ ನಟನಿಗೆ ಪರದೆಯ ಹಿಂದಿನಿಂದ ಪಿಸುಗುಟ್ಟುವವನೊಬ್ಬ ಇರುತ್ತಾನೆ. ಇವರ ಪಾಲಿಗೆ ಅವನು ಇದ್ದೂ ಇಲ್ಲದವನು. ಹೀಗಾಗಿ ತಮ್ಮ ಮಾತುಗಳ ಜೊತೆಗೆ ಎದುರಾಳಿಯ ಮಾತುಗಳನ್ನೂ ಬಾಯಿಪಾಠ ಮಾಡಿ, ತುಟಿಯ ಚಲನೆ ನೋಡಿ ತಮ್ಮ ಸರದಿ ಹಿಡಿಯುತ್ತಿದ್ದರು. ತೆರೆಯ ಮೇಲೆ ಅವರ ಕಣ್ಣುಗಳು ಸದಾ ಎದುರಿನವರ ಮುಖದ ಮೇಲೆ ನೆಟ್ಟಿರುತ್ತವೆ. ಖಳನ ಪಾತ್ರದಲ್ಲಿ ಅದು ಹೊಂಚುವ ನೋಟವಾಗುತ್ತದೆ, ಹಾಸ್ಯದಲ್ಲಿ ಕುಚೋದ್ಯವಾಗುತ್ತದೆ. ಕೊರತೆಯೇ ಶೈಲಿಯಾಯಿತೆಂದು ನನ್ನ ಎಣಿಕೆ. ‘ಬಂಗಾರದ ಮನುಷ್ಯ’ (1972) ಚಿತ್ರದಲ್ಲಿ ರಾಜೀವನ ಬೆನ್ನಿಗೆ ನಿಲ್ಲುವ ರಾಚೂಟಪ್ಪನನ್ನು ಮತ್ತೊಮ್ಮೆ ನೋಡಿ: ರಾಜ್‌ಕುಮಾರ್ ಮಾತನಾಡುವಾಗ ಈ ಮನುಷ್ಯ ಅದೆಷ್ಟು ಗಮನವಿಟ್ಟು ‘ಕೇಳುತ್ತಾನೆ’!

1943ರ ‘ರಾಧಾರಮಣ’ದಿಂದ ಆರಂಭಿಸಿ ಐದು ದಶಕಗಳಲ್ಲಿ ಅವರು ಅಭಿನಯಿಸಿದ ಚಿತ್ರಗಳು ಐನೂರಕ್ಕೂ ಹೆಚ್ಚು. ಹಾಸ್ಯದಲ್ಲಿ ಅವರಿಗೆ ಜೊತೆಯಾಗಿದ್ದ ನರಸಿಂಹರಾಜು ತಿಪಟೂರಿನವರು. ಒಂದೇ ರೈಲುಮಾರ್ಗದ, ಒಂದೇ ತೆಂಗಿನ ಸೀಮೆಯ ಎರಡು ಊರುಗಳು ಕನ್ನಡಿಗರನ್ನು ಅಷ್ಟು ವರ್ಷ ನಗಿಸಿದವು! ಹಳೇಬೀಡಿನ ಗೋಡೆಯಲ್ಲಿ ಎಲ್ಲಕ್ಕಿಂತ ಕೆಳಗಿನ ಸಾಲು ಆನೆಗಳದು. ಪ್ರವಾಸಿಗಳ ದೃಷ್ಟಿ ಮೇಲಿನ ದೇವತೆಗಳತ್ತ ಹೋಗುತ್ತದೆ. ಭಾರ ಹೊತ್ತಂತೆ ಕಾಣುವವು ಈ ಆನೆಗಳು.

ಚಿತ್ರರಂಗದಲ್ಲಿ ಕೆಲಸ ಬತ್ತಿದ ಕಾಲವೊಂದರಲ್ಲಿ ಇವರಿಬ್ಬರೂ ರಾಜ್‌ಕುಮಾರ್ ಮತ್ತು ಜಿ.ವಿ. ಅಯ್ಯರ್ ಅವರೊಡನೆ ಕಲಾವಿದರ ಸಂಘ ಕಟ್ಟಿದರು, ಊರೂರು ಸುತ್ತಿ ನಾಟಕವಾಡಿದರು. ಆ ಸಂಘದಿಂದಲೇ ಬಂದದ್ದು ‘ರಣಧೀರ ಕಂಠೀರವ’ (1960). ಅರ್ಥಶಾಸ್ತ್ರದ ವಿದ್ಯಾರ್ಥಿಯಾಗಿದ್ದ ನನಗೆ ಇದು ಕಾರ್ಮಿಕರೇ ಬಂಡವಾಳಗಾರರಾದ ಅಪರೂಪದ ಪ್ರಸಂಗವಾಗಿ ತೋರುತ್ತದೆ. ಆಗಿನ ಕನ್ನಡ ಚಿತ್ರಗಳ ಬಹುಪಾಲು ಕೆಲಸ ಮದರಾಸಿನಲ್ಲಿ ನಡೆಯುತ್ತಿತ್ತು. ಸ್ಟುಡಿಯೋ ಬಾಡಿಗೆಯೂ ಸಹಜವಾಗಿ ಅಲ್ಲೇ ಉಳಿಯುತ್ತಿತ್ತು.

ಆ ಕೆಲಸ ಇಲ್ಲಿಗೇ ಬರಲೆಂದು ಬಾಲಣ್ಣ ಸರ್ಕಾರದಿಂದ 20 ಎಕರೆ ಪಡೆದು ಕೆಂಗೇರಿಯ ಬಳಿ ಅಭಿಮಾನ್ ಸ್ಟುಡಿಯೋ ಕಟ್ಟಲು ಹೊರಟರು. ಪೋಷಕ ನಟನೊಬ್ಬನ ಗಳಿಕೆಗೆ ಆ ಕನಸು ದೊಡ್ಡದು. ಸಾಲ ಬೆಳೆಯಿತು, ಸ್ಟುಡಿಯೋ ಅವರು ಬಯಸಿದಂತೆ ಬೆಳೆಯಲಿಲ್ಲ. 1995ರಲ್ಲಿ ಅವರು ತೀರಿಕೊಂಡರು.

ಆಮೇಲಿನದು ಓದುಗರಿಗೆ ಗೊತ್ತಿದೆ. 2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್ ಅವರ ಅಂತ್ಯಸಂಸ್ಕಾರ ಅಲ್ಲಿ ನಡೆಯಿತು. ಸ್ಮಾರಕದ ವಿವಾದ ವರ್ಷಗಟ್ಟಲೆ ಎಳೆದು, ಸ್ಮಾರಕವು 2023ರಲ್ಲಿ ಮೈಸೂರಿನಲ್ಲಿ ಉದ್ಘಾಟನೆಯಾಯಿತು. 2025ರ ಆಗಸ್ಟಿನಲ್ಲಿ ಅಭಿಮಾನ್ ಸ್ಟುಡಿಯೋದಲ್ಲಿದ್ದ ಸಮಾಧಿಯನ್ನು ಕೆಡವಲಾಯಿತು. ಅಭಿಮಾನಿಗಳ ನೋವು ನ್ಯಾಯವಾದದ್ದೇ. ಆದರೆ ಆಡಳಿತದಲ್ಲಿದ್ದವನಾಗಿ ನನ್ನನ್ನು ಕಾಡುವ ಪ್ರಶ್ನೆ ಬೇರೆ. ಸಾರ್ವಜನಿಕ ಉದ್ದೇಶಕ್ಕೆಂದು ವ್ಯಕ್ತಿಯೊಬ್ಬರಿಗೆ ಜಮೀನು ಕೊಡುವಾಗ, ಅವರ ಕಾಲಾನಂತರ ಆ ಉದ್ದೇಶವನ್ನು ಮುಂದುವರಿಸುವವರು ಯಾರೆಂಬುದನ್ನೂ ಅಂದೇ ಗೊತ್ತುಪಡಿಸಬೇಕಲ್ಲವೇ? ಕಲಾವಿದರ ಸಂಸ್ಥೆಯೊಂದು ಒಡೆತನ ವಹಿಸಿದ್ದರೆ ಬಾಲಣ್ಣನವರ ವಾರಸುದಾರರ ಮೇಲೂ ಈ ಹೊರೆ ಬೀಳುತ್ತಿರಲಿಲ್ಲ. ಇಂತಹ ಕಡತಗಳಿಗೆ ಸಹಿ ಹಾಕಿದ ನಮ್ಮಂಥವರೂ ಇದಕ್ಕೆ ಉತ್ತರ ಹೇಳಬೇಕಾದವರೇ.

ಸಮಾಧಿ ಕೆಡವಿದ ದಿನಗಳಲ್ಲಿ ನಾನು ಹಲವು ವರದಿಗಳನ್ನು ಓದಿದೆ. ಅವುಗಳಲ್ಲಿ ಬಾಲಣ್ಣನ ಹೆಸರು ಸಾಮಾನ್ಯವಾಗಿ ಒಂದೇ ಸಾಲಿನಲ್ಲಿತ್ತು: ಸರ್ಕಾರದಿಂದ ಜಮೀನು ಪಡೆದಿದ್ದ ಹಿರಿಯ ನಟ ಎಂದು.