ಆ ಕೊಕ್ಕರೆ ಹಾರುತ್ತಿತ್ತೆ?

ಬಿ.ಟಿ.ಎಂ. ಬಡಾವಣೆಯ ಬಳಿಯ ಮಡಿವಾಳದ ಕೆರೆಯಲ್ಲಿ ಹೆಜ್ಜಾರ್ಲೆಯೊಂದು ನೀರಿನಿಂದ ಮೇಲೇಳುವುದನ್ನು ಕಂಡವರಿಗೆ, ಅಷ್ಟು ದೊಡ್ಡ ಶರೀರವನ್ನು ಗಾಳಿ ಹೊರುವುದು ಹೇಗೆಂಬ ಬೆರಗು ಸಹಜವಾದುದು. ಅದರ ತೂಕ ಸುಮಾರು 5 ಕಿಲೋಗ್ರಾಂ. ಇದರ ಮೂರರಷ್ಟು ತೂಗುತ್ತಿದ್ದ, ಆಳೆತ್ತರದ ಕೊಕ್ಕರೆಯೊಂದು ಹಿಂದೊಮ್ಮೆ ಭೂಮಿಯ ಮೇಲಿತ್ತು. ನಮಗೆ ಉಳಿದಿರುವುದು ಅದರ ಮೂಳೆಗಳು ಮಾತ್ರ.

ಇಂಡೊನೇಷ್ಯದ ಫ್ಲೋರೆಸ್ ದ್ವೀಪದಲ್ಲಿ ಲಿಯಾಂಗ್ ಬುವಾ ಎಂಬ ಸುಣ್ಣಕಲ್ಲಿನ ಗುಹೆಯಿದೆ. ಮೂರೂವರೆ ಅಡಿ ಎತ್ತರದ ಕುಳ್ಳ ಮಾನವರ ಅಸ್ಥಿಗಳು 2003ರಲ್ಲಿ ದೊರೆತದ್ದು ಇಲ್ಲಿಯೇ. ಅದೇ ಗುಹೆಯ ಕೆಲವು ಕಾಲುಮೂಳೆಗಳನ್ನು ಪರೀಕ್ಷಿಸಿ ಮೈಯರ್ ಮತ್ತು ಡ್ಯೂ ಎಂಬ ವಿಜ್ಞಾನಿಗಳು 2010ರಲ್ಲಿ ಈ ಹಕ್ಕಿಗೆ 'ಲೆಪ್ಟಾಪ್ಟೈಲಾಸ್ ರೊಬಸ್ಟಸ್' ಎಂದು ಹೆಸರಿಟ್ಟರು. ಎತ್ತರ 180 ಸೆಂಟಿಮೀಟರು, ತೂಕ 16 ಕಿಲೋಗ್ರಾಂ ಎಂಬುದು ಅವರ ಅಂದಾಜು. ಅಸ್ಸಾಮಿನ ಜೌಗುಭೂಮಿಗಳಲ್ಲಿ ಇಂದಿಗೂ ಬದುಕಿರುವ ಹರ್ಗಿಲಾ ಇದರ ದಾಯಾದಿ.

ಹಕ್ಕಿಯ ಮೂಳೆ ಪೊಳ್ಳಾದ ಕೊಳವೆ. ಈ ಕೊಕ್ಕರೆಯ ಮೂಳೆಯ ಗೋಡೆಯಾದರೋ ದಪ್ಪವಾಗಿತ್ತು. ಆದ್ದರಿಂದ ಅದು ಹಾರುವುದನ್ನು ಹೆಚ್ಚುಕಡಿಮೆ ಬಿಟ್ಟು ನೆಲದಲ್ಲಿಯೇ ಅಡ್ಡಾಡುತ್ತಿದ್ದಿರಬೇಕೆಂದು ಊಹಿಸಲಾಯಿತು. ಇಲ್ಲಿ ಗೆಲಿಲಿಯೊ ತೋರಿಸಿಕೊಟ್ಟ ಲೆಕ್ಕವೊಂದನ್ನು ನೆನೆಯೋಣ. 150 ಸೆಂಟಿಮೀಟರಿನ ಕೊಕ್ಕರೆಯನ್ನು ಅದೇ ಆಕಾರದಲ್ಲಿ 180ಕ್ಕೆ ಬೆಳೆಸಿದರೆ ಎತ್ತರ 1.2 ಪಟ್ಟು, ಮೂಳೆಯ ಅಡ್ಡಕೊಯ್ತದ ವಿಸ್ತೀರ್ಣ 1.44 ಪಟ್ಟು, ತೂಕ ಮಾತ್ರ 1.73 ಪಟ್ಟು ಆಗುತ್ತದೆ. ಹೊರೆ ಹೆಚ್ಚಿದಷ್ಟು ಆಧಾರ ಹೆಚ್ಚದು. ಹಾರುವ ಹಕ್ಕಿಯಾದರೂ ದೊಡ್ಡದಾದರೆ ಕಾಲು ದಪ್ಪವಾಗಲೇಬೇಕಷ್ಟೆ! ಕಾಲನ್ನು ನೋಡಿ ರೆಕ್ಕೆಯ ತೀರ್ಪು ಕೊಡುವುದು ಸ್ವಲ್ಪ ಅವಸರವೆಂದೇ ನಮ್ಮ ಅಭಿಪ್ರಾಯ.

ರೆಕ್ಕೆಯ ಮೂಳೆಗಳೂ ಮುಂದೆ ದೊರೆತವು. 2022ರಲ್ಲಿ ಪ್ರಕಟವಾದ ಅಧ್ಯಯನದಂತೆ ಅವು ಚೆನ್ನಾಗಿ ಬೆಳೆದ, ಹಾರಬಲ್ಲ ಹಕ್ಕಿಯ ರೆಕ್ಕೆಗಳು. ಕುಳ್ಳ ಆನೆಯಂತಿದ್ದ ಸ್ಟೆಗೊಡಾನ್ ಪ್ರಾಣಿಯ ಹೆಣಗಳನ್ನು ಹುಡುಕುತ್ತ ಈ ಕೊಕ್ಕರೆ ಆಕಾಶದಲ್ಲಿ ಸುತ್ತುತ್ತಿದ್ದಿತೆಂದು ಈಗಿನ ಊಹೆ.

ಕಾಲಗಣನೆಯೂ ತಿದ್ದುಪಡಿಗೆ ಒಳಗಾಯಿತು. ಗುಹೆಯ ಹಳೆಯ ಪದರ ಒಂದೆಡೆ ಕೊರೆದುಹೋಗಿ, ಆ ತಗ್ಗಿನಲ್ಲಿ ಹೊಸ ಮಣ್ಣು ತುಂಬಿತ್ತು. ಒಂದೇ ಆಳದಲ್ಲಿ ಎರಡು ಕಾಲಗಳು ಅಕ್ಕಪಕ್ಕದಲ್ಲಿದ್ದವು. ಬಿಸಿಲು ಕಾಣದೆ ಹೂತುಹೋದ ಖನಿಜದ ಕಣಗಳು ಸುತ್ತಲಿನ ವಿಕಿರಣದ ಶಕ್ತಿಯನ್ನು ಕೂಡಿಡುತ್ತವೆ. ಅವನ್ನು ಪ್ರಚೋದಿಸಿದಾಗ ಹೊರಬೀಳುವ ಬೆಳಕನ್ನು ಅಳೆದರೆ ಹೂತ ಕಾಲ ತಿಳಿಯುತ್ತದೆ. ಇಂತಹ ವಿಧಾನಗಳಿಂದ 2016ರಲ್ಲಿ ಕುಳ್ಳ ಮಾನವರ ಅಸ್ಥಿಗಳ ಕಾಲ ಕನಿಷ್ಠ 60,000 ವರ್ಷಗಳ ಹಿಂದಕ್ಕೆ ಸರಿಯಿತು. ಸ್ಟೆಗೊಡಾನ್, ರಣಹದ್ದು, ಕೊಕ್ಕರೆ ಎಲ್ಲವೂ ಸುಮಾರು ಅದೇ ಹೊತ್ತಿಗೆ ಗುಹೆಯ ಮಣ್ಣಿನಿಂದ ಮರೆಯಾಗುತ್ತವೆ.