ಹೆಣ್ಣುಮಕ್ಕಳ ಆಟ ಮತ್ತು ಕ್ರೀಡಾಸಂಘದ ಹೊಣೆ

ವಿಶಾಖಪಟ್ಟಣದಂತಹ ಬಂದರು ನಗರದಲ್ಲಿ ಆಟದ ಬಯಲುಗಳಿಗೆ ಕೊರತೆಯಿಲ್ಲ. 1933ರಲ್ಲಿ ಉದ್ಘಾಟನೆಗೊಂಡ ಬಂದರಿಗೂ, ರೈಲ್ವೆಗೂ, ಉಕ್ಕಿನ ಕಾರ್ಖಾನೆಗೂ ತಮ್ಮ ತಮ್ಮ ಕ್ರೀಡಾಂಗಣಗಳಿವೆ. ಆದರೆ ಇವು ಬಹುಮಟ್ಟಿಗೆ ನೌಕರಿಯ ನಂಟಿನವು. ಹೊಟ್ಟೆಪಾಡಿಗಾಗಿ ನಾಡು ಬಿಟ್ಟು ಬಂದ ಸಾಮಾನ್ಯ ಕುಟುಂಬದ ಮಗಳಿಗೆ ಚೆಂಡು ಮುಟ್ಟುವ ಅವಕಾಶ ದೊರೆಯಬೇಕಾದರೆ ಸಮುದಾಯದ ಕ್ರೀಡಾಸಂಘವೇ ಬೇಕಾಗುತ್ತದೆ. ಪರನಾಡಿನಲ್ಲಿ ಇಂತಹ ಸಂಘ ಕಟ್ಟುವುದು ಕನ್ನಡಿಗರಿಗೆ ಹೊಸತಲ್ಲ. ಮುಂಬಯಿಯ ಕ್ರಾಸ್ ಮೈದಾನದಲ್ಲಿ ಕ್ರಿಕೆಟ್, ಫುಟ್‌ಬಾಲ್ ಎರಡನ್ನೂ ಆಡಿಸುವ ಕರ್ನಾಟಕ ಸ್ಪೋರ್ಟಿಂಗ್ ಅಸೋಸಿಯೇಷನ್ ಇದಕ್ಕೆ ನಿದರ್ಶನ. ಬ್ಯಾಸ್ಕೆಟ್‌ಬಾಲ್ ಹಾಗೂ ಮಹಿಳಾ ಫುಟ್‌ಬಾಲ್ ತಂಡಗಳನ್ನು ಕಟ್ಟಹೊರಟ ಸಂಘಗಳು ಮಾತ್ರ ಒಂದು ವಿಷಯವನ್ನು ಮೊದಲೇ ಮನಗಾಣಬೇಕು: ಗಂಡುಮಕ್ಕಳಿಗೆಂದು ಮಾಡಿದ ಏರ್ಪಾಡು ಹೆಣ್ಣುಮಕ್ಕಳಿಗೆ ಸಾಲದು.

ಆರೋಗ್ಯದ ಹೆಸರು ಹೇಳಿಯೇ ಸ್ತ್ರೀಯರನ್ನು ಬಯಲಿನಿಂದ ದೂರವಿಟ್ಟ ಕಾಲವೊಂದಿತ್ತು. 1891ರಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡಿನಲ್ಲಿ ಜೇಮ್ಸ್ ನೈಸ್ಮಿತ್ ಬ್ಯಾಸ್ಕೆಟ್‌ಬಾಲ್ ಆಟವನ್ನು ರೂಪಿಸಿದ. ಮರುವರ್ಷವೇ ಸ್ಮಿತ್ ಕಾಲೇಜಿನ ಅಧ್ಯಾಪಕಿ ಸೆಂಡಾ ಬೆರೆನ್ಸನ್ ಅದನ್ನು ತನ್ನ ವಿದ್ಯಾರ್ಥಿನಿಯರಿಗೆ ಕಲಿಸಿದಳು. ಆದರೆ ಆಯಾಸವಾದೀತೆಂದು ಅಂಕಣವನ್ನು ಮೂರು ಭಾಗ ಮಾಡಿ, ಗೆರೆ ದಾಟದಂತೆ ಕಟ್ಟಳೆ ವಿಧಿಸಿದಳು. ಇಂಗ್ಲೆಂಡಿನ ಕಥೆ ಇನ್ನೂ ಕಠೋರ. 1920ರ ಡಿಸೆಂಬರಿನಲ್ಲಿ ಲಿವರ್‌ಪೂಲಿನಲ್ಲಿ ನಡೆದ ಮಹಿಳಾ ಪಂದ್ಯಕ್ಕೆ 50,000ಕ್ಕೂ ಹೆಚ್ಚು ಜನ ನೆರೆದಿದ್ದರು. ಮರುವರ್ಷ ಅಲ್ಲಿನ ಫುಟ್‌ಬಾಲ್ ಸಂಸ್ಥೆ, ಈ ಆಟ ಹೆಂಗಸರಿಗೆ ತಕ್ಕುದಲ್ಲವೆಂದು ಸಾರಿ, ತನ್ನ ಸದಸ್ಯ ಕ್ಲಬ್ಬುಗಳ ಮೈದಾನಗಳನ್ನೇ ಅವರಿಗೆ ಮುಚ್ಚಿಬಿಟ್ಟಿತು. ಆ ಬೀಗ ತೆರೆಯಲು ಸುಮಾರು ಐವತ್ತು ವರ್ಷ ಹಿಡಿಯಿತು.

ನಮ್ಮಲ್ಲಿ ಮಹಿಳಾ ಫುಟ್‌ಬಾಲ್ ಸಂಘಟಿತ ರೂಪ ಪಡೆದದ್ದು 1975ರಲ್ಲಿ. 1983ರಲ್ಲಿ ಭಾರತದ ವನಿತೆಯರು ಏಷ್ಯಾದ ಚಾಂಪಿಯನ್‌ಷಿಪ್ಪಿನಲ್ಲಿ ಎರಡನೆಯ ಸ್ಥಾನ ಗಳಿಸಿದರು. ಬೆಂಗಳೂರಿನ ಕಿಕ್‌ಸ್ಟಾರ್ಟ್ ಕ್ಲಬ್ಬಿನ ಮಹಿಳಾ ತಂಡ 2023ರಲ್ಲಿ ರಾಷ್ಟ್ರೀಯ ಲೀಗಿನ ಅಂತಿಮ ಪಂದ್ಯದವರೆಗೆ ನಡೆಯಿತು. ಅದೇ ಬೆಂಗಳೂರಿನಲ್ಲಿ 2017ರಲ್ಲಿ ನಮ್ಮ ಬ್ಯಾಸ್ಕೆಟ್‌ಬಾಲ್ ವನಿತೆಯರು ಕಜಕಸ್ತಾನವನ್ನು 75–73ರಿಂದ ಮಣಿಸಿ ಏಷ್ಯಾ ಕಪ್ಪಿನ ಮೇಲಿನ ವಿಭಾಗಕ್ಕೇರಿದರು. ಶಕ್ತಿಯ ಪ್ರಶ್ನೆ ಇಲ್ಲಿಗೆ ಮುಗಿಯಿತೆನ್ನಬಹುದು. ಇನ್ನುಳಿದದ್ದು ರಕ್ಷಣೆಯ ಪ್ರಶ್ನೆ.

ಎರಡೂ ಆಟಗಳಲ್ಲಿ ಹೆಣ್ಣುಮಕ್ಕಳು ಹೆಚ್ಚಾಗಿ ಕಳೆದುಕೊಳ್ಳುವುದು ಮಂಡಿಯನ್ನು. ತೊಡೆಯ ಮೂಳೆಯನ್ನು ಕೆಳಗಾಲಿನ ಮೂಳೆಗೆ ಬಿಗಿದಿರುವ, ವೈದ್ಯರು ಎ.ಸಿ.ಎಲ್. ಎಂದು ಕರೆಯುವ ಕೀಲಿನೊಳಗಣ ಕಟ್ಟು ಒಂದಿದೆ. ಅದು ಹರಿಯುವ ಸಂಭವ ಹುಡುಗರಿಗಿಂತ ಹುಡುಗಿಯರಲ್ಲಿ ಎರಡು ಮೂರು ಪಟ್ಟು ಹೆಚ್ಚು. ಆಶ್ಚರ್ಯವೆಂದರೆ ಬಹಳ ಸಲ ಎದುರಾಳಿ ಮುಟ್ಟಿರುವುದೇ ಇಲ್ಲ. ಬುಟ್ಟಿಯತ್ತ ಜಿಗಿದವಳು ನೆಲಕ್ಕಿಳಿಯುವಾಗ, ಓಡುತ್ತಿದ್ದವಳು ಗಕ್ಕನೆ ತಿರುಗುವಾಗ ಮಂಡಿ ಒಳಕ್ಕೆ ವಾಲುತ್ತದೆ. ‘ಟಕ್’ ಎಂಬ ಸದ್ದು. ಕೆಲವೇ ಗಂಟೆಗಳಲ್ಲಿ ಊತ. ಶಸ್ತ್ರಚಿಕಿತ್ಸೆಯಾದರೂ ಮತ್ತೆ ಆಟಕ್ಕೆ ಮರಳಲು ಒಂಬತ್ತು ತಿಂಗಳಾದರೂ ಬೇಕು. ಅಷ್ಟರಲ್ಲಿ ಪರೀಕ್ಷೆಯೋ ಮದುವೆಯ ಮಾತೋ ಬಂದು ಅವಳ ಆಟ ನಿಂತೇಹೋಗುವುದುಂಟು.

ಇದನ್ನು ತಡೆಯಲು ಹಣ ಬೇಕಿಲ್ಲ. ನಾರ್ವೆ ದೇಶದಲ್ಲಿ 13ರಿಂದ 17 ವರ್ಷದ ಸಾವಿರಾರು ಫುಟ್‌ಬಾಲ್ ಆಟಗಾರ್ತಿಯರ ಮೇಲೆ ನಡೆದು 2008ರಲ್ಲಿ ಪ್ರಕಟವಾದ ಅಧ್ಯಯನವೊಂದು, ಅಭ್ಯಾಸಕ್ಕೆ ಮುನ್ನ ಇಪ್ಪತ್ತು ನಿಮಿಷದ ಕ್ರಮಬದ್ಧ ವ್ಯಾಯಾಮ ಮಾಡಿಸಿದರೆ ತೀವ್ರ ಗಾಯಗಳು ಹತ್ತಿರ ಹತ್ತಿರ ಅರ್ಧಕ್ಕಿಳಿಯುತ್ತವೆಂದು ತೋರಿಸಿತು. ನಿಧಾನ ಓಟ, ಒಂಟಿಕಾಲಿನಲ್ಲಿ ಸಮತೋಲ, ತೊಡೆಯ ಹಿಂಬದಿಯ ಸ್ನಾಯುಗಳಿಗೆ ಸಾಧನೆ, ಮಂಡಿ ಬಗ್ಗಿಸಿ ಮೆತ್ತಗೆ ನೆಲಕ್ಕಿಳಿಯುವ ಅಭ್ಯಾಸ – ಇಷ್ಟೆ. ಮಂಡಿ ಕಾಲ್ಬೆರಳಿನ ನೇರಕ್ಕಿದೆಯೇ ಎಂದು ನೋಡುವ ಕಣ್ಣು ಮಾತ್ರ ತರಬೇತುದಾರನಿಗಿರಬೇಕು. ಜೆರ್ಸಿಯ ಬಣ್ಣಕ್ಕಾಗಿ ಮೂರು ಸಭೆ ನಡೆಸುವ ಸಮಿತಿಗಳು ಇದಕ್ಕೊಂದು ಸಭೆ ಮೀಸಲಿಟ್ಟರೆ ತಪ್ಪೇನು?

ರಕ್ತದ ವಿಚಾರವೂ ಇದೆ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ದೇಶದ 15ರಿಂದ 49 ವಯಸ್ಸಿನ ಸ್ತ್ರೀಯರಲ್ಲಿ ನೂರಕ್ಕೆ 57 ಮಂದಿ ರಕ್ತಹೀನರು. ಹತ್ತು ನಿಮಿಷದಲ್ಲೇ ಏದುಸಿರು ಬಿಡುವ ಹುಡುಗಿಯನ್ನು ಸೋಮಾರಿಯೆಂದು ಗದರುವ ಮೊದಲು ಹಿಮೋಗ್ಲೋಬಿನ್ ಪರೀಕ್ಷೆ ಮಾಡಿಸುವುದು ಲೇಸು; ಅದು 12 ಗ್ರಾಮಿಗಿಂತ ಕೆಳಗಿದ್ದರೆ ವೈದ್ಯರನ್ನು ಕಾಣಬೇಕು. ಸೊಪ್ಪು, ಹುರುಳಿ, ಕಾಳುಗಳ ಜೊತೆ ನಿಂಬೆಯ ಹುಳಿ ಸೇರಿದರೆ ಕಬ್ಬಿಣದ ಅಂಶ ಚೆನ್ನಾಗಿ ಮೈಗೂಡುತ್ತದೆ. ಊಟದ ಬೆನ್ನಿಗೇ ಕಾಫಿ ಕುಡಿಯುವ ನಮ್ಮವರ ಅಭ್ಯಾಸ ಇದಕ್ಕೆ ಅಡ್ಡಿ. ಲೋಟವನ್ನು ಒಂದು ಗಂಟೆ ಮುಂದೂಡಬಹುದು.

ಕೊನೆಯದಾಗಿ ಕರಾವಳಿಯ ಸೆಕೆ. ಬೆವರು ಆವಿಯಾದರೆ ಮಾತ್ರ ಮೈ ತಂಪಾಗುತ್ತದೆ. ಸಮುದ್ರದ ತೇವದ ಗಾಳಿಯಲ್ಲಿ ಅದು ಸುಮ್ಮನೆ ತೊಟ್ಟಿಕ್ಕುತ್ತದೆ, ದೇಹದ ಕಾವು ಒಳಗೇ ಉಳಿಯುತ್ತದೆ. ವಿಜಯವಾಡದ ಬೇಸಗೆಯ ಉರಿಬಿಸಿಲೂ ಕಡಿಮೆಯದಲ್ಲ. ಆದುದರಿಂದ ಏಪ್ರಿಲಿನಿಂದ ಜೂನಿನವರೆಗೆ ಅಭ್ಯಾಸವನ್ನು ಮುಂಜಾನೆಗೋ ಸೂರ್ಯಾಸ್ತದ ಅನಂತರಕ್ಕೋ ಇಡಬೇಕು; ನೀರು, ಉಪ್ಪು ಬೆರೆಸಿದ ಮಜ್ಜಿಗೆ ಕೈಗೆಟಕುವಂತಿರಬೇಕು. ಆಟಗಾರ್ತಿ ತೂರಾಡಿದರೆ, ಮಾತು ತಡವರಿಸಿದರೆ, ಮೊದಲು ನೆರಳಿಗೊಯ್ದು ಮೈತುಂಬ ತಣ್ಣೀರು ಸುರಿದು ಗಾಳಿ ಬೀಸಬೇಕು. ಅದರೊಂದಿಗೇ ಆಸ್ಪತ್ರೆಗೆ ಕರೆ ಹೋಗಬೇಕು.

ಆದರೆ ನೀರು ಇಟ್ಟ ಮಾತ್ರಕ್ಕೆ ಹುಡುಗಿಯರು ಕುಡಿಯುತ್ತಾರೆಂದು ತಿಳಿಯಬಾರದು. ಮೈದಾನದಲ್ಲಿ ಶೌಚಾಲಯವಿಲ್ಲದಿದ್ದರೆ ಬಾಯಾರಿದರೂ ಅವರು ಲೋಟ ಮುಟ್ಟುವುದಿಲ್ಲ. ಮುಟ್ಟಿನ ದಿನಗಳಲ್ಲಂತೂ ಮನೆಯಿಂದಲೇ ಹೊರಡುವುದಿಲ್ಲ. ಒಳಗಿನಿಂದ ಚಿಲಕ ಹಾಕಬಹುದಾದ, ನೀರಿರುವ ಒಂದು ಕೋಣೆ ಬೇಕು. ಅದರ ಬೀಗದ ಕೈ ಕಾರ್ಯದರ್ಶಿಯ ಮನೆಯಲ್ಲಿರದೆ ತಂಡದ ನಾಯಕಿಯ ಬಳಿ ಇರಬೇಕು.