ಸಿಡಿದ ಹಿಟ್ಟು, ಉಳಿದ ಗೋಡೆ

ಗೋಧಿ ಹಿಟ್ಟು ಮದ್ದಿನಂತೆ ಸಿಡಿಯುವುದುಂಟೇ? ಉಂಟು ಎನ್ನುತ್ತವೆ ಅಮೆರಿಕದ ಮಿನಿಯಾಪೊಲಿಸ್ ನಗರದ ಪಾಳುಗೋಡೆಗಳು. ಮಿಸಿಸಿಪ್ಪಿ ನದಿಯ ದಡದಲ್ಲಿರುವ ‘ಮಿಲ್ ರೂಯಿನ್ಸ್ ಪಾರ್ಕ್’ ಹೆಸರಿಗೆ ತಕ್ಕಂತೆ ಗಿರಣಿ ಅವಶೇಷಗಳ ಉದ್ಯಾನ. ಹೂವಿನ ಪಾತಿಗಳಿಗಿಂತ ಕಲ್ಲಿನ ಗೋಡೆ, ಹಳೆಯ ನೀರುಗಾಲುವೆಗಳೇ ಇಲ್ಲಿನ ಆಕರ್ಷಣೆ.

ಈ ನಗರ ಬೆಳೆದದ್ದೇ ಸೇಂಟ್ ಆಂಟನಿ ಜಲಪಾತದ ಬಲದಿಂದ. ಮೂಲನಿವಾಸಿಗಳಾದ ಡಕೋಟಾ ಜನರಿಗೆ ಅದು ಪವಿತ್ರ ಸ್ಥಳ. ವಲಸೆ ಬಂದ ಉದ್ಯಮಿಗಳಿಗೆ ಶಕ್ತಿಯ ಗಣಿ. ಜಲಪಾತದ ಮೇಲ್ಭಾಗದಿಂದ ಕಾಲುವೆಯಲ್ಲಿ ತಂದ ನೀರನ್ನು ಆಳಕ್ಕೆ ಧುಮುಕಿಸಿ ಟರ್ಬೈನ್ ತಿರುಗಿಸುತ್ತಿದ್ದರು. ಕೆಲಸ ಮುಗಿಸಿದ ನೀರು ಕೆಳಗಿನ ಕಾಲುವೆಗಳ ಮೂಲಕ ಮತ್ತೆ ನದಿ ಸೇರುತ್ತಿತ್ತು.

1878ರ ಮೇ 2ರ ಸಂಜೆ ಏಳಂತಸ್ತಿನ ‘ವಾಶ್‌ಬರ್ನ್ ಎ’ ಗಿರಣಿ ಸ್ಫೋಟಿಸಿತು. ಹಗಲು ಪಾಳಿಯವರು ಮನೆಗೆ ಹೋಗಿದ್ದರು. ರಾತ್ರಿ ಪಾಳಿಗೆ ಬಂದಿದ್ದ 14 ಮಂದಿ ಹಾಗೂ ನೆರೆಯ ಗಿರಣಿಗಳ ನಾಲ್ವರು, ಒಟ್ಟು 18 ಕಾರ್ಮಿಕರು ಜೀವ ತೆತ್ತರು. ಅಕ್ಕಪಕ್ಕದ ಗಿರಣಿಗಳೂ ನಾಶವಾದವು.

ಕಾರಣ ಹಿಟ್ಟಿನ ದೂಳು! ರಾಶಿ ಹಾಕಿದ ಹಿಟ್ಟು ಸುಲಭವಾಗಿ ಹೊತ್ತಿಕೊಳ್ಳದು. ಅದೇ ಹಿಟ್ಟು ಗಾಳಿಯಲ್ಲಿ ತೇಲಿದರೆ ಪ್ರತಿ ಕಣದ ಸುತ್ತಲೂ ಆಮ್ಲಜನಕ. ಒಂದು ಕಿಡಿ ಬಿದ್ದರೆ ಕಣದಿಂದ ಕಣಕ್ಕೆ ಬೆಂಕಿ ಕ್ಷಣಾರ್ಧದಲ್ಲಿ ಹರಡುತ್ತದೆ. ಮುಚ್ಚಿದ ಕೋಣೆಯಲ್ಲಿ ಕಾದು ಹಿಗ್ಗಿದ ಗಾಳಿಗೆ ದಾರಿ ಎಲ್ಲಿ? ಗೋಡೆ ಒಡೆಯಲೇಬೇಕು. ಧಾನ್ಯವಿಲ್ಲದೆ ಒಣಗಿದ ಬೀಸುಕಲ್ಲುಗಳು ಒಂದಕ್ಕೊಂದು ಉಜ್ಜಿದಾಗ ಆ ಕಿಡಿ ಹುಟ್ಟಿತೆಂದು ತಿಳಿಯಲಾಯಿತು.

1880ರಲ್ಲಿ ಗಿರಣಿ ಮತ್ತೆ ಎದ್ದಿತು. ಈ ಬಾರಿ ದೂಳನ್ನು ಹೀರುವ ಯಂತ್ರಗಳು ಬಂದವು. ಬೀಸುಕಲ್ಲಿನ ಜಾಗದಲ್ಲಿ ಲೋಹದ ಉರುಳೆಗಳು ತಿರುಗಿದವು. ಗಿರಣಿಯ ಒಡೆಯ ಕ್ಯಾಡ್ವಾಲಡರ್ ವಾಶ್‌ಬರ್ನ್ 1882ರಲ್ಲಿ ತೀರಿಕೊಂಡಾಗ, ಅನಾಥಾಲಯವೊಂದಕ್ಕೆ ಹಣ ಬರೆದಿಟ್ಟಿದ್ದರು. ಮುಂದೆ ಸುಮಾರು 50 ವರ್ಷ ಮಿನಿಯಾಪೊಲಿಸ್ ಜಗತ್ತಿನ ಹಿಟ್ಟಿನ ರಾಜಧಾನಿ ಎನಿಸಿತು.

ಆದರೆ ಕಾಲ ಒಂದೇ ಸಮನೆ ಇರುವುದಿಲ್ಲ. 1930ರ ಹೊತ್ತಿಗೆ ಆ ಪಟ್ಟ ಬಫಲೋ ನಗರದ ಪಾಲಾಯಿತು. 1965ರಲ್ಲಿ ‘ಎ’ ಗಿರಣಿ ಬಾಗಿಲು ಹಾಕಿತು. ಕೆಳಗಿನ ಕಾಲುವೆಗಳು ಮಣ್ಣು, ಜಲ್ಲಿಯಡಿ ಹೂತುಹೋದವು. ಅಳಿದುಳಿದ ಕಟ್ಟಡವನ್ನು 1991ರ ಬೆಂಕಿ ಸುಟ್ಟಿತು.

ನಗರದವರು ಪಾಳುಗೋಡೆಗಳನ್ನು ಕೆಡವಿ ನೆಲ ಸಮತಟ್ಟು ಮಾಡಬಹುದಿತ್ತು. ಹಾಗೆ ಮಾಡಲಿಲ್ಲ. ಪುರಾತತ್ತ್ವಜ್ಞರು ಮಣ್ಣು ಅಗೆದು ಕಾಲುವೆ, ಅಡಿಪಾಯಗಳನ್ನು ಹೊರತೆಗೆದರು. 2001ರಲ್ಲಿ ಉದ್ಯಾನ ತೆರೆಯಿತು. 2003ರಲ್ಲಿ ಸುಟ್ಟ ಗೋಡೆಗಳ ನಡುವೆಯೇ ‘ಮಿಲ್ ಸಿಟಿ ಮ್ಯೂಸಿಯಂ’ ತಲೆಯೆತ್ತಿತು. 1883ರ ಕಲ್ಲಿನ ಕಮಾನು ಸೇತುವೆಯ ಮೇಲೆ ಹಿಂದೆ ರೈಲು ಓಡುತ್ತಿತ್ತು. 1994ರಿಂದ ಅದು ನಡೆಯುವವರ, ಸೈಕಲ್ ಸವಾರರ ಪಾಲಿಗೆ ಬಂದಿದೆ.

ಮಡಿದ 18 ಮಂದಿಯ ಹೆಸರು ಅದೇ ನಗರದ ಲೇಕ್‌ವುಡ್ ಸ್ಮಶಾನದ ಸ್ಮಾರಕದಲ್ಲಿದೆ. ಊಟದ ತಟ್ಟೆಗೆ ಬರುವ ರೊಟ್ಟಿಯ ಹಿಂದೆ ರೈತನ ಬೆವರಿದೆ ಎಂದು ಮಕ್ಕಳು ಪಾಠದಲ್ಲಿ ಓದುತ್ತಾರೆ. ಗಿರಣಿಯ ದೂಳಿನಲ್ಲಿ ದುಡಿದವರ ಜೀವವೂ ಇದೆ ಎಂಬುದನ್ನು ಈ ಗೋಡೆಗಳು ಹೇಳುತ್ತವೆ.